ಕನ್ನಡಿಯೊಳಗಿನ ಊರಿಗೆ ಹೋದವಳು ಅಲ್ಲಿ ಉಣ್ಣಬಹುದಾ?

ಪ್ರಶ್ನೆ: ನಾನು ತೀರ್ಥಹಳ್ಳಿ ಹತ್ತಿರದ ಹಳ್ಳಿಯವಳು. ಒಂದು ಮಾಯಾಲೋಕದ ಕಾದಂಬರಿ ಬರೆಯುತ್ತಿದ್ದೇನೆ. ಅದರಲ್ಲಿ ‘ಬಿಂಬವಿದ್ಯೆ’ ಅಂತ ಒಂದು ವಿದ್ಯೆ ಇದೆ. ಅದರ ಪ್ರಕಾರ ಕನ್ನಡಿಯ ಹಿಂದೆ ನಿಜವಾಗಿಯೂ ಒಂದು ಊರಿದೆ. ಅದು ನಮ್ಮೂರೇ, ಆದರೆ ಎಡ ಬಲ ಅದಲುಬದಲು. ವಿದ್ಯೆ ಕಲಿತವರು ಕನ್ನಡಿ ದಾಟಿ ಅಲ್ಲಿಗೆ ಹೋಗಿಬರಬಹುದು. ವಾಪಸ್ ಬಂದಾಗ ಅವರು ಎಡಚರಾಗಿರುತ್ತಾರೆ. ಇಷ್ಟು ಬರೆದು ತಮ್ಮನಿಗೆ ಓದಿಸಿದೆ. ಅವನು, ‘ಕನ್ನಡಿ ಎಡ ಬಲ ಬದಲಿಸುತ್ತದೆ, ಸರಿ. ತಲೆ ಕಾಲು ಯಾಕೆ ಬದಲಿಸೋದಿಲ್ಲ?’ ಅಂದ. ನನಗೆ ಉತ್ತರ ಹೊಳೆಯಲಿಲ್ಲ. ಬರವಣಿಗೆ ಅಲ್ಲಿಗೇ ನಿಂತಿದೆ. ನನ್ನ ಸಿದ್ಧಾಂತ ನಿಲ್ಲುತ್ತದಾ? ವಿದ್ಯೆಗೆ ಏನಾದರೂ ಬೆಲೆ ತೆರಬೇಕು ಅಂತ ಆಸೆ, ಅದು ಏನಿರಬಹುದು? ಕಥೆಯಲ್ಲಿ ಅಂಜನ ಹಾಕುವ ಅಜ್ಜಿಯೊಬ್ಬಳಿದ್ದಾಳೆ. ಅವಳನ್ನೂ ಇದಕ್ಕೆ ಸೇರಿಸಬಹುದಾ?

ಉತ್ತರ: ನಿಮ್ಮ ತಮ್ಮ ಕೇಳಿದ್ದು ತುಂಬ ಒಳ್ಳೆಯ ಪ್ರಶ್ನೆ. ಶಿವಮೊಗ್ಗದಲ್ಲಿ ನಾನು ಭೌತಶಾಸ್ತ್ರ ಪಾಠ ಮಾಡಿದ ಅಷ್ಟೂ ವರ್ಷ ಇದನ್ನು ತರಗತಿಯಲ್ಲಿ ಕೇಳುತ್ತಿದ್ದೆ. ಕೇಳಿದ ಕೂಡಲೇ ಮಕ್ಕಳು ತಮ್ಮ ಕೈ ತಾವೇ ಎತ್ತಿ ನೋಡಿಕೊಳ್ಳುತ್ತಿದ್ದರು. ಬರವಣಿಗೆ ನಿಲ್ಲಿಸಬೇಡಿ. ನಿಮ್ಮ ಸಿದ್ಧಾಂತದಲ್ಲಿ ಎರಡು ತೊಡಕಿವೆ, ನಿಜ. ಆದರೆ ಎರಡನ್ನೂ ಸರಿ ಮಾಡಿದರೆ ಕಥೆಗೆ ಈಗಿರುವುದಕ್ಕಿಂತ ಜಾಸ್ತಿ ಬಲ ಬರುತ್ತದೆ. ನೀವು ಹುಡುಕುತ್ತಿರುವ ಬೆಲೆಯೂ ಅದರೊಳಗೇ ಸಿಗುತ್ತದೆ.

ಮೊದಲನೆಯ ತೊಡಕು ಇದು. ಕನ್ನಡಿ ಎಡ ಬಲ ಬದಲಿಸುವುದೇ ಇಲ್ಲ.

ನಿಮ್ಮ ಮನೆಯ ಉತ್ತರದ ಗೋಡೆಗೆ ಒಂದು ಕನ್ನಡಿ ಇದೆ ಅಂದುಕೊಳ್ಳಿ. ನೀವು ಅದರ ಮುಂದೆ ಉತ್ತರಕ್ಕೆ ಮುಖ ಮಾಡಿ ನಿಂತಿದ್ದೀರಿ. ನಿಮ್ಮ ಬಲಗೈ ಪೂರ್ವದ ಕಡೆಗಿದೆ. ಅದರಲ್ಲಿ ಹಸಿರು ಬಳೆ ಇದೆ. ಕನ್ನಡಿಯೊಳಗೆ ಬಳೆ ಯಾವ ಕಡೆ ಕಾಣುತ್ತದೆ? ಅಲ್ಲೂ ಪೂರ್ವದ ಕಡೆಗೇ. ತಲೆ ಮೇಲೇ ಇದೆ, ಕಾಲು ಕೆಳಗೇ ಇದೆ. ಬದಲಾಗಿದ್ದು ಒಂದೇ. ನೀವು ಉತ್ತರಕ್ಕೆ ನೋಡುತ್ತಿದ್ದೀರಿ, ಅವಳು ದಕ್ಷಿಣಕ್ಕೆ ನೋಡುತ್ತಿದ್ದಾಳೆ. ಅಂದರೆ ಕನ್ನಡಿ ಬದಲಿಸಿದ್ದು ಹಿಂದು ಮುಂದನ್ನು. ತನ್ನ ಕಡೆಗೆ ಬರುವ ದಿಕ್ಕನ್ನು ಮಾತ್ರ ಅದು ಮಗುಚುತ್ತದೆ. ಉಳಿದಿದ್ದನ್ನು ಮುಟ್ಟುವುದಿಲ್ಲ.

ಹಾಗಾದರೆ ಎಡ ಬಲ ಬದಲಾದ ಹಾಗೆ ಯಾಕನ್ನಿಸುತ್ತದೆ? ನಾವು ಮನಸ್ಸಿನಲ್ಲೇ ಒಂದು ಸುತ್ತು ತಿರುಗಿ, ಕನ್ನಡಿಯೊಳಗಿನವಳ ಜಾಗದಲ್ಲಿ ಹೋಗಿ ನಿಲ್ಲುತ್ತೇವೆ. ದಕ್ಷಿಣಕ್ಕೆ ಮುಖ ಮಾಡಿ ನಿಂತವಳಿಗೆ ಪೂರ್ವ ಎಡಗಡೆ ಅಲ್ವಾ? ಅದಕ್ಕೆ ‘ಅವಳ ಎಡಗೈಯಲ್ಲಿ ಬಳೆ ಇದೆ’ ಅಂತೀವಿ. ತಿರುಗಿದ್ದು ನಮ್ಮ ಮನಸ್ಸು, ಕನ್ನಡಿ ಅಲ್ಲ.

ಅಕ್ಷರ ತಿರುಗುತ್ತದಲ್ಲ ಅಂತ ತಮ್ಮ ಕೇಳಬಹುದು. ಆಂಬುಲೆನ್ಸ್ ಮುಂದೆ ತಿರುಗಿಸಿ ಬರೆದಿರುವುದನ್ನು ಅವನು ನೋಡಿರುತ್ತಾನೆ. ಅವನ ಕೈಗೆ ಒಂದು ಪಾರದರ್ಶಕ ಪ್ಲಾಸ್ಟಿಕ್ ಕವರ್ ಕೊಡಿ, ಅದರ ಮೇಲೆ ‘ಅಕ್ಕ’ ಅಂತ ಬರೆಯಲಿ. ಬರೆದಿದ್ದು ಅವನಿಗೆ ನೆಟ್ಟಗೆ ಕಾಣುವ ಹಾಗೆಯೇ ಹಿಡಿದು ಕನ್ನಡಿ ಮುಂದೆ ನಿಲ್ಲಲಿ. ಕವರಿನ ಮೇಲೂ ‘ಅಕ್ಕ’, ಕನ್ನಡಿಯಲ್ಲೂ ‘ಅಕ್ಕ’, ಎರಡೂ ನೆಟ್ಟಗೆ. ಕಾಗದದಲ್ಲಿ ಬರೆದಾಗ ಅದನ್ನು ಕನ್ನಡಿಗೆ ತೋರಿಸಲು ನಾವೇ ತಿರುಗಿಸಿರುತ್ತೇವೆ. ತಪ್ಪು ಕನ್ನಡಿಯ ಮೇಲೆ ಹಾಕುತ್ತೇವೆ, ಪಾಪ.

ಈಗ ತಲೆ ಕಾಲಿನ ವಿಷಯ. ಅದನ್ನು ಬದಲಿಸುವ ಕನ್ನಡಿ ನಿಮ್ಮೂರಲ್ಲೇ ಇದೆ. ಮಳೆಗಾಲ ಮುಗಿದು ತುಂಗೆ ತಿಳಿಯಾದಮೇಲೆ ಬೆಳಗಿನ ಹೊತ್ತು ದಡಕ್ಕೆ ಹೋಗಿ ನೋಡಿ. ಆಚೆ ದಡದ ಮರ ನೀರಿನಲ್ಲಿ ತಲೆಕೆಳಗಾಗಿ ನಿಂತಿರುತ್ತದೆ. ನೀರು ಮಲಗಿರುವ ಕನ್ನಡಿ. ಅದರ ಕಡೆಗೆ ಹೋಗುವ ದಿಕ್ಕು ಅಂದರೆ ಮೇಲು ಕೆಳಗು. ಅದಕ್ಕೇ ಅದನ್ನು ಮಗುಚುತ್ತದೆ. ಇನ್ನು ಕನ್ನಡಿಯನ್ನು ಪಕ್ಕಕ್ಕೆ, ಭುಜಕ್ಕೆ ತಾಗುವ ಹಾಗೆ ಇಟ್ಟರೆ ನಿಜವಾಗಿಯೂ ಎಡ ಬಲ ಮಗುಚುತ್ತದೆ. ಹೀಗೆ ನಿಮ್ಮ ಬಿಂಬವಿದ್ಯೆಗೆ ಮೂರು ಬಾಗಿಲು ಸಿಕ್ಕಿದವು. ಗೋಡೆಯ ಕನ್ನಡಿ, ನೀರಿನ ಕನ್ನಡಿ, ಪಕ್ಕದ ಕನ್ನಡಿ.

ಮೂರೂ ಬೇರೆ ಬೇರೆ ಊರಿಗೆ ಹೋಗುತ್ತವಾ? ಇಲ್ಲ. ನನಗೆ ಈ ವಿಷಯದಲ್ಲಿ ಎಲ್ಲಕ್ಕಿಂತ ಇಷ್ಟವಾಗುವ ಭಾಗ ಇದು. ಯಾವ ಬಾಗಿಲಿಂದ ಹೋದರೂ ಸಿಗುವ ಊರು ಒಂದೇ. ನಿಲ್ಲುವ ಭಂಗಿ ಮಾತ್ರ ಬೇರೆ. ನೀರಿನೊಳಗಿನ ಊರನ್ನು ಎತ್ತಿ ನೆಟ್ಟಗೆ ನಿಲ್ಲಿಸಿದರೆ ಅದು ಗೋಡೆ ಕನ್ನಡಿಯೊಳಗಿನ ಊರೇ ಆಗುತ್ತದೆ. ಆದರೆ ಆ ಊರನ್ನು ಹೇಗೆ ತಿರುಗಿಸಿದರೂ ನಮ್ಮ ಊರಿನ ಮೇಲೆ ಸರಿಯಾಗಿ ಕೂರಿಸಲು ಆಗುವುದಿಲ್ಲ. ಬಲಗಾಲಿನ ಚಪ್ಪಲಿಯನ್ನು ಎಷ್ಟು ತಿರುಗಿಸಿದರೂ ಎಡಗಾಲಿಗೆ ಹೊಂದುತ್ತದಾ? ಹಾಗೆ.

ಬಲಮುರಿ ಗಣಪತಿಯ ವಿಗ್ರಹವನ್ನು ಯಾವ ಕನ್ನಡಿಗೆ ಹಿಡಿದರೂ ಒಳಗೆ ಕಾಣುವುದು ಎಡಮುರಿ ಗಣಪತಿ. ಅಲ್ಲಿ ದೇವಸ್ಥಾನಕ್ಕೆ ಪ್ರದಕ್ಷಿಣೆ ಬರುವವರು ನಮ್ಮ ಕಣ್ಣಿಗೆ ಅಪ್ರದಕ್ಷಿಣೆ ಬರುತ್ತಿರುತ್ತಾರೆ. ಗಡಿಯಾರದ ಮುಳ್ಳು ಹಿಂದಕ್ಕೆ ಸುತ್ತುತ್ತಿರುತ್ತದೆ. ಅಂದರೆ ಕನ್ನಡಿ ಬದಲಿಸುವುದು ಎಡವನ್ನೂ ಅಲ್ಲ, ಬಲವನ್ನೂ ಅಲ್ಲ. ಅದು ಬದಲಿಸುವುದು ‘ಮುರಿ’ಯನ್ನು, ಒಂದು ವಸ್ತು ಯಾವ ಕಡೆಗೆ ಸುತ್ತಿಕೊಂಡಿದೆ ಅನ್ನುವುದನ್ನು. ನಿಮ್ಮ ಲೋಕದ ವಿದ್ಯೆಗೆ ಈ ‘ಮುರಿ’ ಅನ್ನುವ ಮಾತನ್ನೇ ಬಳಸಿ. ನಮ್ಮವರ ಬಾಯಲ್ಲಿ ಆಗಲೇ ಇರುವ ಮಾತು.

ನಾಯಕಿಗೆ ತಾನು ಕನ್ನಡಿಯೊಳಗಿನ ಊರಲ್ಲಿದ್ದೇನೆ ಅಂತ ಗೊತ್ತಾಗುವುದು ಹೇಗೆ? ಇದಕ್ಕೆ ನಿಮ್ಮ ತುಂಗೆ ಸಾಕು. ತುಂಗೆ ಶೃಂಗೇರಿಯಿಂದ ತೀರ್ಥಹಳ್ಳಿಗೆ ಬರುವುದು ಸುಮಾರಾಗಿ ದಕ್ಷಿಣದಿಂದ ಉತ್ತರಕ್ಕೆ. ನೀರು ಹೋಗುವ ಕಡೆ ಮುಖ ಮಾಡಿ ನಿಂತರೆ ನಮ್ಮಲ್ಲಿ ಸೂರ್ಯ ಹುಟ್ಟುವುದು ಬಲಗಡೆ. ಅಲ್ಲಿ ಎಡಗಡೆ ಹುಟ್ಟುತ್ತಾನೆ. ಗೋಡೆಯ ಕನ್ನಡಿಯಿಂದ ಹೋಗಲಿ, ನೀರಿನಿಂದ ಹೋಗಲಿ, ಪಕ್ಕದ ಕನ್ನಡಿಯಿಂದ ಹೋಗಲಿ, ಈ ಒಂದು ಗುರುತು ಬದಲಾಗುವುದಿಲ್ಲ. ಅನುಮಾನವಿದ್ದರೆ ಕಾಗದದ ಮೇಲೆ ಚಿತ್ರ ಬರೆದು ಮೂರೂ ರೀತಿ ಮಗುಚಿ ನೋಡಿ. ರಾಮತೀರ್ಥದ ಬಂಡೆಯ ಮೇಲೆ ಬೆಳಗಿನ ಜಾವ ಅವಳು ನೀರು ಹರಿಯುವ ಕಡೆ ನೋಡುತ್ತ ನಿಂತಿದ್ದಾಳೆ. ಬಿಸಿಲು ಎಡಗೆನ್ನೆಗೆ ತಾಗುತ್ತದೆ. ಅಷ್ಟು ಬರೆದರೆ ಮಲೆನಾಡಿನ ಓದುಗರಿಗೆ ಮೈ ಜುಮ್ಮೆನ್ನುತ್ತದೆ.

ಎರಡನೆಯ ತೊಡಕಿಗೆ ಬರುತ್ತೇನೆ. ಕನ್ನಡಿ ದಾಟಿದವರು ಮಗುಚಿಕೊಳ್ಳುತ್ತಾರೆ ಅಂತ ಬರೆದಿದ್ದೀರಿ. ಹೋಗುವಾಗ ಒಂದು ಸಲ ದಾಟುತ್ತಾರೆ, ಬರುವಾಗ ಇನ್ನೊಂದು ಸಲ. ದೋಸೆಯನ್ನು ಎರಡು ಸಲ ಮಗುಚಿದರೆ ಮೊದಲಿನ ಹಾಗೇ ಆಗುತ್ತದೆ. ಹೋಗಿಬಂದವರು ಎಡಚರಾಗಿರಲು ಸಾಧ್ಯವೇ ಇಲ್ಲ.

ನಿಮ್ಮ ಮುಂದೆ ಎರಡು ದಾರಿಯಿದೆ. ದಾಟಿದಾಗ ಅವಳೂ ಮಗುಚಿಕೊಳ್ಳುತ್ತಾಳೆ ಅಂತ ಇಟ್ಟುಕೊಂಡರೆ, ಒಳಗಿನ ಊರೂ ಮಗುಚಿದೆ, ಅವಳೂ ಮಗುಚಿದ್ದಾಳೆ. ಅವಳಿಗೆ ಯಾವ ವ್ಯತ್ಯಾಸವೂ ಕಾಣುವುದಿಲ್ಲ. ಸುಮ್ನೆ ಪಕ್ಕದ ಮನೆಗೆ ಹೋಗಿಬಂದ ಹಾಗೆ. ಇದರಲ್ಲಿ ಕಥೆಯಿಲ್ಲ. ಇನ್ನೊಂದು ದಾರಿ, ಅವಳು ಇದ್ದ ಹಾಗೇ ಒಳಗೆ ಹೋಗುತ್ತಾಳೆ. ಇಡೀ ಊರು ಒಂದು ಮುರಿ, ಅವಳೊಬ್ಬಳು ಇನ್ನೊಂದು ಮುರಿ. ನನ್ನನ್ನು ಕೇಳಿದರೆ ಇದನ್ನೇ ಆರಿಸಿಕೊಳ್ಳಿ. ಯಾಕೆಂದರೆ ನೀವು ಕೇಳಿದ ಬೆಲೆ ಇಲ್ಲಿದೆ, ಮತ್ತು ಅದು ತುಂಬ ದೊಡ್ಡದು.

ಅವಳಿಗೆ ಅಲ್ಲಿ ಹಸಿವಾಗುತ್ತದೆ. ಎಷ್ಟು ಉಂಡರೂ ಹೋಗುವುದಿಲ್ಲ.

ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಮುರಿ ಅನ್ನುವುದು ಶಂಖಕ್ಕೆ, ಸೊಂಡಿಲಿಗೆ ಮಾತ್ರ ಇರುವುದಲ್ಲ. ನಮ್ಮ ಮೈಯ ಅಣು ಅಣುವಿನಲ್ಲೂ ಇದೆ. 1848ರಲ್ಲಿ ಫ್ರಾನ್ಸಿನ ಲೂಯಿ ಪಾಶ್ಚರ್ ಒಂದು ಉಪ್ಪಿನ ಹರಳುಗಳನ್ನು ಸೂಕ್ಷ್ಮದರ್ಶಕದ ಕೆಳಗಿಟ್ಟು ನೋಡಿದರು. ಅದು ದ್ರಾಕ್ಷಾರಸದಲ್ಲಿ ಸಿಗುವ ಒಂದು ಆಮ್ಲದಿಂದ ಮಾಡಿದ ಉಪ್ಪು. ಹರಳುಗಳಲ್ಲಿ ಎರಡು ಬಗೆ ಇದ್ದವು, ಒಂದು ಇನ್ನೊಂದರ ಕನ್ನಡಿ ಬಿಂಬದ ಹಾಗೆ. ಅಕ್ಕಿಯಿಂದ ಕಲ್ಲು ಆರಿಸುವ ಹಾಗೆ ಅವರು ಚಿಮ್ಮಟದಲ್ಲಿ ಒಂದೊಂದನ್ನೇ ಆರಿಸಿ ಎರಡು ಗುಂಪು ಮಾಡಿದರು. ನೀರಿನಲ್ಲಿ ಕರಗಿಸಿ ಬೆಳಕು ಹಾಯಿಸಿದಾಗ ಒಂದು ಗುಂಪು ಬೆಳಕಿನ ಕಂಪನವನ್ನು ಬಲಕ್ಕೆ ತಿರುಗಿಸಿತು, ಇನ್ನೊಂದು ಎಡಕ್ಕೆ. ಅಣುಗಳಿಗೂ ಬಲಮುರಿ ಎಡಮುರಿ ಇದೆ ಅಂತ ಗೊತ್ತಾಗಿದ್ದು ಹಾಗೆ.

ಜೀವಿಗಳು ಈ ವಿಷಯದಲ್ಲಿ ತುಂಬ ಹಟದವು. ನಮ್ಮ ಮೈಯ ಪ್ರೋಟೀನು ಕಟ್ಟುವ ಅಮೈನೋ ಆಮ್ಲಗಳು ಒಂದೇ ಮುರಿಯವು, ಅವನ್ನು ಎಡಗೈಯವು ಅಂತ ಕರೆಯುತ್ತಾರೆ. ಮೈಗೆ ಹತ್ತುವ ಸಕ್ಕರೆ ಬಲಗೈಯದು. ಅನ್ನದಲ್ಲಿರುವ ಪಿಷ್ಟ ಅಂದರೆ ಬಲಗೈ ಗ್ಲೂಕೋಸ್ ಅಣುಗಳ ಉದ್ದನೆಯ ಸರ. ಅದನ್ನು ಬಿಡಿಸುವ ನಮ್ಮ ಜೀರ್ಣರಸಗಳು ಬೀಗಕ್ಕೆ ಕೀಲಿ ಇದ್ದ ಹಾಗೆ, ಆ ಒಂದು ಮುರಿಗೆ ಮಾತ್ರ ಹೊಂದುತ್ತವೆ. ಕನ್ನಡಿಯೊಳಗಿನ ಊರಿನ ಅನ್ನ ಎಡಗೈ ಗ್ಲೂಕೋಸಿನದು. ನಮ್ಮ ಕೀಲಿ ಅದಕ್ಕೆ ತಿರುಗುವುದಿಲ್ಲ.

ಅಲ್ಲೊಂದು ಮನೆಯಲ್ಲಿ ಅವಳನ್ನು ಕೂರಿಸಿ ಬಾಳೆ ಎಲೆ ಹಾಕುತ್ತಾರೆ ಅಂತ ಊಹಿಸಿಕೊಳ್ಳಿ. ಎಲೆಯ ತುದಿ ಅವಳಿಗೆ ಬಲಗಡೆ ಕಾಣುತ್ತದೆ. ಕಡುಬು ಬಡಿಸುತ್ತಾರೆ, ಹೊಟ್ಟೆ ತುಂಬುತ್ತದೆ, ಶಕ್ತಿ ಬರುವುದಿಲ್ಲ. ಸುಸ್ತಾಗಿದ್ದಾಳೆ ಅಂತ ಯಾರೋ ಗ್ಲೂಕೋಸ್ ನೀರು ಕೊಡುತ್ತಾರೆ. ಅದು ಸಿಹಿಯಾಗಿಯೇ ಇರುತ್ತದೆ. ಇದು ನಾನು ಕಟ್ಟಿದ ಮಾತಲ್ಲ. ಪ್ರಯೋಗಾಲಯದಲ್ಲಿ ಮಾಡಿದ ಎಡಗೈ ಗ್ಲೂಕೋಸ್ ನಮ್ಮ ನಾಲಿಗೆಗೆ ಸಿಹಿಯೇ. ಮೈ ಮಾತ್ರ ಅದನ್ನು ಬಳಸಿಕೊಳ್ಳುವುದಿಲ್ಲ. ವಾಸನೆಗಳೂ ಕೈಕೊಡುತ್ತವೆ. ಸ್ಪಿಯರ್‌ಮಿಂಟ್ ಅನ್ನುವ ಪುದೀನದ ವಾಸನೆ ಕಾರ್ವೋನ್ ಎಂಬ ಅಣುವಿನದು. ಅದೇ ಅಣುವಿನ ಕನ್ನಡಿ ಬಿಂಬಕ್ಕೆ ಕ್ಯಾರವೇ ಎನ್ನುವ ಜೀರಿಗೆಯಂಥ ಕಾಳಿನ ವಾಸನೆ. ಅಲ್ಲಿನ ಹಿತ್ತಿಲಲ್ಲಿ ಅವಳು ಆ ಪುದೀನದ ಎಲೆ ಕಿವುಚಿ ಮೂಗಿಗೆ ಹಿಡಿದರೆ ಬರುವುದು ಆ ಕಾಳಿನ ವಾಸನೆ.

ನೀರು ಮಾತ್ರ ಅವಳ ಕೈಬಿಡುವುದಿಲ್ಲ. ನೀರಿನ ಅಣುವಿಗೆ ಮುರಿಯಿಲ್ಲ. ಕನ್ನಡಿಯಲ್ಲಿ ನೋಡಿದರೂ ಅದು ಅದೇ. ಉಪ್ಪೂ ಹಾಗೆಯೇ. ‘ತುಂಗಾ ಪಾನ, ಗಂಗಾ ಸ್ನಾನ’ ಅಂತ ನಮ್ಮ ಹಿರಿಯರು ಹೇಳುತ್ತಿದ್ದರಲ್ಲ, ಆ ಊರಲ್ಲೂ ತುಂಗೆಯ ನೀರು ಕುಡಿಯಬಹುದು. ಅದನ್ನು ಕುಡಿದುಕೊಂಡು ಎಷ್ಟು ದಿನ ಇರಬಲ್ಲಳೋ ಅಷ್ಟು ದಿನ ಅವಳಿಗೆ ಅಲ್ಲಿ ಅವಕಾಶ. ಜಾಣೆಯಾದರೆ ಮನೆಯಿಂದ ಅವಲಕ್ಕಿ ಬೆಲ್ಲ ಕಟ್ಟಿಕೊಂಡು ಹೋಗುತ್ತಾಳೆ. ಆ ಗಂಟು ಮುಗಿದಮೇಲೆ ದಿನ ಎಣಿಸಬೇಕು.

ಸಿಗದ ವಸ್ತುವಿಗೆ ‘ಕನ್ನಡಿಯೊಳಗಿನ ಗಂಟು’ ಅನ್ನುತ್ತೇವೆ. ನಿಮ್ಮ ಕಥೆಯಲ್ಲಿ ಆ ಗಂಟು ಕೈಗೆ ಸಿಗುತ್ತದೆ. ಬಿಚ್ಚಿದರೆ ಒಳಗಿನ ಕಾಳು ಹಸಿವಿಗೆ ಆಗುವುದಿಲ್ಲ, ನಾಣ್ಯದ ಅಕ್ಷರ ತಿರುಗಿರುತ್ತದೆ. ಈ ಗಾದೆಯನ್ನು ಬಿಡಬೇಡಿ, ಒಂದು ಇಡೀ ಅಧ್ಯಾಯಕ್ಕೆ ಆಗುತ್ತದೆ.

ಒಂದು ಎಚ್ಚರಿಕೆ. ಹೃದಯ ಬಲಗಡೆ ಇರುವವರೂ ನಮ್ಮ ನಡುವೆ ಇದ್ದಾರಲ್ಲ ಅಂತ ಯಾರಾದರೂ ಕೇಳಬಹುದು. ನಿಜ. ಸುಮಾರು ಹತ್ತು ಸಾವಿರಕ್ಕೆ ಒಬ್ಬರಲ್ಲಿ ಒಳಗಿನ ಅಂಗಗಳೆಲ್ಲ ಕನ್ನಡಿಯಲ್ಲಿ ಕಂಡ ಹಾಗೆ ಜೋಡಣೆಯಾಗಿರುತ್ತವೆ. ಎಷ್ಟೋ ಜನರಿಗೆ ಯಾವುದೋ ಕಾರಣಕ್ಕೆ ಎಕ್ಸ್‌ರೇ ತೆಗೆಸುವವರೆಗೆ ಗೊತ್ತೇ ಇರುವುದಿಲ್ಲ. ಅವರಿಗೆ ನಮ್ಮ ಅನ್ನ ಚೆನ್ನಾಗಿಯೇ ಮೈಗೆ ಹತ್ತುತ್ತದೆ, ಯಾಕೆಂದರೆ ಬದಲಾಗಿರುವುದು ಜೋಡಣೆ, ಅಣುಗಳಲ್ಲ.

ಇಷ್ಟೆಲ್ಲ ಮಗುಚಿದ ಊರು ನಿಜವಾಗಿ ನಡೆಯುತ್ತದಾ ಅನ್ನುವುದು ಇನ್ನೊಂದು ಪ್ರಶ್ನೆ. ಪ್ರಕೃತಿಗೆ ಎಡ ಬಲದ ಭೇದವಿಲ್ಲ ಅಂತ ಭೌತಶಾಸ್ತ್ರದವರು ಬಹಳ ಕಾಲ ನಂಬಿದ್ದರು. 1956ರಲ್ಲಿ ಲೀ ಮತ್ತು ಯಾಂಗ್ ಇದನ್ನು ಪ್ರಶ್ನಿಸಿದರು. ಚಿಯೆನ್-ಶಿಯುಂಗ್ ವೂ ಅನ್ನುವ ಮಹಿಳೆ ಕೋಬಾಲ್ಟ್-60 ಅನ್ನು ವಿಪರೀತ ತಣ್ಣಗೆ ಮಾಡಿ ಪರೀಕ್ಷಿಸಿದರು. ಅದರಿಂದ ಹೊರಬರುವ ಎಲೆಕ್ಟ್ರಾನುಗಳು ಒಂದು ಕಡೆಗೇ ಜಾಸ್ತಿ ಹೋಗುತ್ತಿದ್ದವು. ಆ ಪ್ರಯೋಗವನ್ನು ಕನ್ನಡಿಯಲ್ಲಿ ನೋಡಿದರೆ ಕಾಣುವಂಥದ್ದು ನಮ್ಮ ಲೋಕದಲ್ಲಿ ನಡೆಯುವುದೇ ಇಲ್ಲ. 1957ರ ನೊಬೆಲ್ ಲೀ ಮತ್ತು ಯಾಂಗ್‌ಗೆ ಬಂತು, ವೂ ಅವರಿಗೆ ಬರಲಿಲ್ಲ. ಇದನ್ನು ಪಾಠ ಮಾಡುವಾಗಲೆಲ್ಲ ನನಗೆ ಬೇಜಾರಾಗುತ್ತಿತ್ತು. ಕಥೆಗೆ ಬೇಕಾದ ಮಾತು ಇಷ್ಟೇ: ಕನ್ನಡಿಯೊಳಗಿನ ಊರು ನಮ್ಮೂರಿನ ಪಡಿಯಚ್ಚು ಅಲ್ಲ. ಅಲ್ಲಿ ಬೇರೆ ಕಟ್ಟಳೆ ಇರಬೇಕು. ಆ ಕಟ್ಟಳೆ ಏನು ಅಂತ ಕಟ್ಟುವ ಸ್ವಾತಂತ್ರ್ಯ ನಿಮಗಿದೆ.

ನಿಮಗೆ ಎಡಚರು ಬೇಕೇ ಬೇಕು ಅಂದರೆ ಕನ್ನಡಿಗಳ ಲೆಕ್ಕ ಬಳಸಿ. ಎರಡು ಕನ್ನಡಿಯನ್ನು ತೆರೆದ ಪುಸ್ತಕದ ಹಾಗೆ ಲಂಬವಾಗಿ ಜೋಡಿಸಿ ಮೂಲೆಯೊಳಗೆ ನೋಡಿ. ಬೆಳಕು ಎರಡು ಸಲ ಮಗುಚಿ ಬರುತ್ತದೆ. ಆಗ ಕಾಣುವವಳು ಬೇರೆಯವರು ನೋಡುವ ನೀವು. ಬೈತಲೆ ತೆಗೆಯಲು ಬಾಚಣಿಗೆ ಎತ್ತಿದರೆ ಕೈ ತಪ್ಪು ಕಡೆಗೆ ಹೋಗುತ್ತದೆ. ಇಷ್ಟು ವರ್ಷ ಕನ್ನಡಿಯಲ್ಲಿ ಕಂಡ ಮುಖವನ್ನೇ ನಮ್ಮದು ಅಂದುಕೊಂಡಿರುತ್ತೇವೆ, ಹಾಗಾಗಿ ಈ ಮುಖ ಯಾರದೋ ಅನ್ನಿಸುತ್ತದೆ. ಸಮ ಸಂಖ್ಯೆಯ ಕನ್ನಡಿಗಳು ಮುರಿಯನ್ನು ಉಳಿಸುತ್ತವೆ, ಬೆಸ ಸಂಖ್ಯೆಯವು ಬದಲಿಸುತ್ತವೆ. ಒಂದೊಂದು ದಾಟಿಗೂ ದಾಟಿದವರು ಮಗುಚಿಕೊಳ್ಳುವ ಒಂದು ಕಳ್ಳದಾರಿ ಇಟ್ಟು, ಅದರಲ್ಲಿ ಮೂರು ಕನ್ನಡಿ ದಾಟಿ ಬಂದವನು ಎಡಚನಾಗಿರುತ್ತಾನೆ ಅನ್ನಿ. ಅವನು ಹಸಿದುಕೊಂಡು ಇರಬೇಕಾದ್ದು ನಮ್ಮ ಊರಲ್ಲಿ, ನಮ್ಮ ಅನ್ನದ ಮುಂದೆ.

ಕ್ಷೌರದಂಗಡಿಯಲ್ಲಿ ಎದುರುಬದುರು ಕನ್ನಡಿ ಇರುತ್ತವಲ್ಲ, ಅದರಲ್ಲಿ ಬಿಂಬದ ಸಾಲು ದೂರ ಹೋದಹಾಗೆ ಮಬ್ಬಾಗಿ, ಹಸಿರಾಗಿ ಕಾಣುತ್ತದೆ. ಗಾಜಿನಲ್ಲಿರುವ ಕಬ್ಬಿಣದ ಅಂಶ ಹಸಿರನ್ನು ಬಿಟ್ಟು ಉಳಿದ ಬಣ್ಣಗಳನ್ನು ಸ್ವಲ್ಪ ಜಾಸ್ತಿ ಹೀರುತ್ತದೆ. ಒಂದು ಕನ್ನಡಿ ನೂರಕ್ಕೆ ತೊಂಬತ್ತು ಪಾಲು ಬೆಳಕು ವಾಪಸ್ ಕೊಡುತ್ತದೆ ಅಂದುಕೊಂಡರೆ, ಹತ್ತು ಸಲ ಮಗುಚುವಷ್ಟರಲ್ಲಿ ಉಳಿಯುವುದು ಸುಮಾರು 35 ಪಾಲು. ಇಪ್ಪತ್ತು ಸಲಕ್ಕೆ 12. ಒಳಗಿನ ಊರಿನೊಳಗೆ ಇನ್ನೊಂದು ಊರು, ಅದರೊಳಗೆ ಮತ್ತೊಂದು ಅಂತ ನೀವು ಹೋಗುವುದಾದರೆ, ಒಳಗೆ ಹೋದಷ್ಟೂ ಹಗಲು ಕುಗ್ಗುತ್ತ, ಹಸಿರಾಗುತ್ತ ಹೋಗಬೇಕು. ಆಗುಂಬೆಯ ಕಾಡಿನೊಳಗೆ ಆಷಾಢದ ಮಧ್ಯಾಹ್ನ ಇರುವ ಬೆಳಕಿನ ಹಾಗೆ.

ಈಗ ಅಂಜನದ ಅಜ್ಜಿ. ಅವಳನ್ನು ಖಂಡಿತ ಸೇರಿಸಿ. ದನ ಕಳೆದರೆ, ಒಡವೆ ಕಾಣೆಯಾದರೆ ಅಂಜನ ಹಾಕಿಸುವುದನ್ನು ನಮ್ಮ ಕಡೆಯ ಹಿರಿಯರೆಲ್ಲ ಬಲ್ಲರು. ಎಲೆಗೋ ಅಂಗೈಗೋ ಎಣ್ಣೆ ಬೆರೆಸಿದ ಕಪ್ಪು ಹಚ್ಚಿ, ದೀಪದ ಬೆಳಕಲ್ಲಿ ದಿಟ್ಟಿಸಿ ನೋಡಿಸುತ್ತಾರೆ. ಅದು ಕನ್ನಡಿಯೇ, ಕಪ್ಪು ಕನ್ನಡಿ. ಎಣ್ಣೆ, ಗಾಜು, ನೀರು ಎಲ್ಲವೂ ತಮ್ಮ ಮೇಲೆ ಬಿದ್ದ ಬೆಳಕಿನಲ್ಲಿ ಸ್ವಲ್ಪವನ್ನು ವಾಪಸ್ ಕಳಿಸುತ್ತವೆ. ನೇರವಾಗಿ ನೋಡಿದರೆ ನೀರು ನೂರಕ್ಕೆ 2 ಪಾಲು, ಗಾಜಿನ ಒಂದು ಮೈ 4 ಪಾಲು. ಹಿಂದೆ ಬೆಳಕಿದ್ದರೆ ಈ ಚೂರು ಬೆಳಕು ಕಾಣುವುದಿಲ್ಲ. ಹಿಂದೆ ಕಪ್ಪಿದ್ದರೆ ಮಾತ್ರ ಎದ್ದು ಕಾಣುತ್ತದೆ. ಆಳದ ಬಾವಿಯಲ್ಲಿ ಮುಖ ಕಾಣುವುದೂ ಅದಕ್ಕೇ.

ಹಾಗೆ ಮಂಕು ಬೆಳಕಲ್ಲಿ ಒಂದೇ ಕಡೆ ದಿಟ್ಟಿಸಿದಾಗ ಇನ್ನೊಂದು ಆಗುತ್ತದೆ. ಕಣ್ಣು ಅಲುಗಾಡದಿದ್ದರೆ ಸುತ್ತಲಿನ ಚಿತ್ರ ಮೆಲ್ಲಗೆ ಮಾಸುತ್ತದೆ. 1804ರಲ್ಲೇ ಟ್ರಾಕ್ಸ್‌ಲರ್ ಎಂಬುವರು ಇದನ್ನು ಗುರುತಿಸಿದ್ದರು. ಮಾಸಿದ ಜಾಗವನ್ನು ಮನಸ್ಸು ತಾನೇ ತುಂಬಿಸಲು ನೋಡುತ್ತದೆ. 2010ರಲ್ಲಿ ಇಟಲಿಯ ಜೊವಾನಿ ಕಪೂಟೊ ಮಂದ ಬೆಳಕಿನ ಕೋಣೆಯಲ್ಲಿ ಜನರನ್ನು ಕನ್ನಡಿ ಮುಂದೆ ಕೂರಿಸಿ ನೋಡಿದ್ದನ್ನು ಪ್ರಕಟಿಸಿದರು. ಕೆಲವೇ ನಿಮಿಷದಲ್ಲಿ ಅವರಿಗೆ ತಮ್ಮದೇ ಮುಖ ವಿಕಾರವಾಗಿ, ಅಪರಿಚಿತರ ಮುಖವಾಗಿ ಕಂಡಿತು. ರಾತ್ರಿ ಕನ್ನಡಿ ನೋಡಬಾರದು ಅಂತ ಅಜ್ಜಿಯರು ಬೈಯುತ್ತಿದ್ದರಲ್ಲ, ಬುಡ್ಡಿದೀಪದ ಕಾಲದಲ್ಲಿ ಆ ಮಾತಿಗೆ ಅರ್ಥವಿತ್ತು ಅನ್ನಿಸುತ್ತದೆ. ನಿಮ್ಮ ಕಥೆಯ ಅಜ್ಜಿ ಬಾಗಿಲು ದಾಟುವವಳಲ್ಲ, ಬಾಗಿಲ ಸಂದಿಯಲ್ಲಿ ಇಣುಕುವವಳು. ಅವಳಿಗೆ ನೂರಕ್ಕೆ 2 ಪಾಲು ಮಾತ್ರ ಕಾಣುತ್ತದೆ, ಉಳಿದಿದ್ದನ್ನು ಅವಳ ನೆನಪು ತುಂಬುತ್ತದೆ. ಅದಕ್ಕೇ ಅವಳು ಹೇಳುವುದು ಕೆಲವು ಸಲ ನಿಜ, ಕೆಲವು ಸಲ ಅವಳ ಹಳೆಯ ದುಃಖ. ಆ ಪಾತ್ರವನ್ನು ದಯವಿಟ್ಟು ಪ್ರೀತಿಯಿಂದ ಬರೆಯಿರಿ.

ಸಕ್ರೆಬೈಲಿನ ಆನೆ ಬಿಡಾರ ನಿಮ್ಮ ದಾರಿಯಲ್ಲೇ ಇದೆ, ಆದ್ದರಿಂದ ಇದನ್ನೂ ಹೇಳುತ್ತೇನೆ. 2006ರಲ್ಲಿ ನ್ಯೂಯಾರ್ಕಿನ ಮೃಗಾಲಯವೊಂದರಲ್ಲಿ ಮೂರು ಏಷ್ಯಾದ ಆನೆಗಳ ಮುಂದೆ ದೊಡ್ಡ ಕನ್ನಡಿ ಇಟ್ಟರು. ಅದರಲ್ಲಿ ಒಂದು ಆನೆ, ತನ್ನ ಹಣೆಯ ಮೇಲೆ ಬಳಿದಿದ್ದ ಗುರುತನ್ನು ಕನ್ನಡಿಯಲ್ಲಿ ಕಂಡು ಸೊಂಡಿಲಿಂದ ತನ್ನ ಹಣೆಯನ್ನೇ ಮುಟ್ಟಿಕೊಂಡಿತು. ಬಿಂಬವಿದ್ಯೆ ಮನುಷ್ಯರಿಗೆ ಮಾತ್ರ ಅಂತ ಇಡಬೇಡಿ.

ಕೊನೆಯದಾಗಿ ಬಾಗಿಲು ಎಲ್ಲಿ ತೆರೆಯುತ್ತದೆ ಅನ್ನುವುದು. ನೀವು ಇದನ್ನು ಕೇಳಿಲ್ಲ, ಆದರೆ ಬರೆಯುವಾಗ ಬೇಕಾಗುತ್ತದೆ. ಹೊಸನಗರದ ಕಡೆ ನಮ್ಮ ಹಳ್ಳಿಮನೆಯ ಬಚ್ಚಲಲ್ಲಿ ಒಂದು ಕನ್ನಡಿ ಇತ್ತು. ಮಳೆಗಾಲದಲ್ಲಿ ಹಂಡೆಯ ನೀರು ಕಾದರೆ ಅದರ ತುಂಬ ಹಬೆ ಕೂರುತ್ತಿತ್ತು. ಚಿಕ್ಕವನಿದ್ದಾಗ ಹಬೆಯ ಮೇಲೆ ಬೆರಳಿಂದ ನನ್ನ ಮುಖದ ಅಂಚು ಎಳೆಯುತ್ತಿದ್ದೆ. ಗೇಣು ಹಾಕಿ ನೋಡಿದರೆ ಅದು ನನ್ನ ಮುಖದ ಅರ್ಧ ಮಾತ್ರ. ಹಿಂದಕ್ಕೆ ಸರಿದು ಎಳೆದರೂ ಅರ್ಧ, ಮುಂದೆ ಬಂದು ಎಳೆದರೂ ಅರ್ಧ. ನಾವು ಕನ್ನಡಿಯ ಮುಂದೆ ಎಷ್ಟು ದೂರವೋ ಬಿಂಬ ಹಿಂದೆ ಅಷ್ಟೇ ದೂರ, ಗಾಜು ಸರಿಯಾಗಿ ನಡುವೆ ಅಂತ ಕಾಲೇಜಿಗೆ ಬಂದಮೇಲೆ ತಿಳಿಯಿತು. ಅದಕ್ಕೇ ಗಾಜಿನ ಮೇಲೆ ಅರ್ಧ. ಬಿಂಬ ಗಾಜಿನ ಮೇಲೆ ಇಲ್ಲ, ಹಿಂದೆ ಇದೆ. ಕನ್ನಡಿ ಒಡೆದರೂ ಅದು ಒಡೆಯುವುದಿಲ್ಲ, ಒಂದೊಂದು ಚೂರೂ ಅದೇ ಊರಿಗೆ ಒಂದೊಂದು ಕಿಟಕಿಯಾಗುತ್ತದೆ.

ನಿಮ್ಮ ಕಥೆ ಹಳೆಯ ಕಾಲದ್ದಾದರೆ ಲೋಹದ ಕನ್ನಡಿ ಬಳಸಿ. ಗಾಜಿನ ಹಿಂದೆ ಬೆಳ್ಳಿ ಕೂರಿಸುವ ರಾಸಾಯನಿಕ ವಿಧಾನವನ್ನು ಜರ್ಮನಿಯ ಲೀಬಿಗ್ ಕಂಡುಕೊಂಡಿದ್ದು 1835ರಲ್ಲಿ. ಬೇಲೂರಿನ ದರ್ಪಣ ಸುಂದರಿಯ ಕಾಲದಲ್ಲಿ ಉಜ್ಜಿ ಹೊಳಪು ಕೊಟ್ಟ ಲೋಹವೇ ಕನ್ನಡಿ. ಕೇರಳದ ಆರನ್ಮುಳದಲ್ಲಿ ತಾಮ್ರ ಮತ್ತು ತವರ ಬೆರೆಸಿ ಅಂಥದ್ದನ್ನು ಈಗಲೂ ಮಾಡುತ್ತಾರೆ. ಅದರ ಮೇಲೆ ಉಗುರಿಟ್ಟರೆ ಉಗುರೂ ಬಿಂಬವೂ ತುದಿಗೆ ತುದಿ ತಾಗುತ್ತವೆ. ನಡುವೆ ಏನೂ ಇಲ್ಲ.

ನಮ್ಮ ಮನೆಯ ಗಾಜಿನ ಕನ್ನಡಿಯಲ್ಲಿ ಹಾಗಲ್ಲ. ಹೊಳಪಿನ ಲೇಪ ಗಾಜಿನ ಹಿಂಬದಿಯಲ್ಲಿರುತ್ತದೆ. ಇವತ್ತು ಸಂಜೆ ಉಗುರಿಟ್ಟು ನೋಡಿ. 4 ಮಿಲಿಮೀಟರ್ ದಪ್ಪದ ಗಾಜಾದರೆ ನಿಮ್ಮ ಉಗುರಿಗೂ ಒಳಗಿನ ಉಗುರಿಗೂ ನಡುವೆ ಸುಮಾರು 5 ಮಿಲಿಮೀಟರ್ ಸಂದು ಕಾಣುತ್ತದೆ. ಎಷ್ಟು ಒತ್ತಿದರೂ ಅದು ಮುಚ್ಚುವುದಿಲ್ಲ. ಆ ಸಂದು ಈ ಊರಿಗೂ ಸೇರಿಲ್ಲ, ಆ ಊರಿಗೂ ಸೇರಿಲ್ಲ. ನಾಯಕಿ ಅವಲಕ್ಕಿ ಗಂಟು ಸೊಂಟಕ್ಕೆ ಕಟ್ಟಿಕೊಂಡು ಮೊದಲು ಬೆರಳು ತೂರಿಸಬೇಕಾದ್ದು ಅಲ್ಲಿ.